ಅಧಿಕಾರದ ಪಂಕ್ತಿಯಲ್ಲಿ ಕುಳಿತ ಕಥೆಗಾರ

ನಾಟಕ ನೋಡಿ ಬಂದವರನ್ನು "ಬರೆದವರು ಯಾರು?" ಎಂದು ಕೇಳಿದರೆ ಉತ್ತರ ಸಿಕ್ಕೀತು. ಕಾದಂಬರಿಯ ವಿಷಯದಲ್ಲಂತೂ ಹೆಸರು ರಟ್ಟಿನ ಮೇಲೆಯೇ ಇರುತ್ತದೆ. ಸಿನಿಮಾ ನೋಡಿ ಬಂದವರನ್ನು ಇದೇ ಪ್ರಶ್ನೆ ಕೇಳಿ ನೋಡಿ. ನಾಯಕ ಯಾರು, ನಾಯಿಕೆ ಯಾರು, ಹಾಡಿದವರು ಯಾರು, ಹೆಚ್ಚೆಂದರೆ ನಿರ್ದೇಶಕ ಯಾರು ಎಂಬಲ್ಲಿಗೆ ನೆನಪಿನ ಬುತ್ತಿ ಬರಿದಾಗುತ್ತದೆ. ಚಿತ್ರಕಥೆ ಬರೆದವನ ಹೆಸರು ತೆರೆಯ ಮೇಲೆ ಮೂಡುವ ಹೊತ್ತಿಗೆ ನಾವು ಕತ್ತಲಲ್ಲಿ ಕುರ್ಚಿಯ ನಂಬರು ಹುಡುಕುತ್ತಿರುತ್ತೇವೆ. ಮದುವೆಯ ಊಟಕ್ಕೆ ಕುಳಿತವರು ಚಪ್ಪರಕ್ಕೆ ಕಂಬ ನೆಟ್ಟವನನ್ನು ನೆನೆಯುವುದುಂಟೆ?

ಆದರೆ ಸರ್ಕಾರವೇ ಬಂಡವಾಳಗಾರನೂ ನಿರ್ಮಾಪಕನೂ ಚಿತ್ರಮಂದಿರದ ಒಡೆಯನೂ ಆಗಿದ್ದ ದೇಶಗಳಲ್ಲಿ ಸಂಗತಿ ಬೇರೆಯಾಗಿತ್ತು. ಅಲ್ಲಿ ಕ್ಯಾಮರಾ ತಿರುಗುವ ಮುನ್ನ ಚಿತ್ರಕಥೆ ಹಲವು ಮೇಜುಗಳನ್ನು ಹಾಯ್ದು, ಹಲವರ ಗೀರು ಗಾಯಗಳನ್ನು ಮೈಮೇಲೆ ಹೊತ್ತು, ಒಪ್ಪಿಗೆಯ ಮೊಹರನ್ನು ಸಂಪಾದಿಸಬೇಕಾಗಿತ್ತು. ಲಕ್ಷಗಟ್ಟಲೆ ಹಣ ಸುರಿದು ಚಿತ್ರ ತೆಗೆದ ಮೇಲೆ ಕತ್ತರಿ ಹಾಕುವುದಕ್ಕಿಂತ ಕಾಗದದ ಮೇಲೆಯೇ ತಿದ್ದಿಬಿಡುವುದು ಅಗ್ಗವಲ್ಲವೆ? ಹೀಗಾಗಿ, ನಮ್ಮಲ್ಲಿ ಚಪ್ಪರದ ಕಂಬದವನಾದ ಚಿತ್ರಕಥೆಗಾರ ಅಲ್ಲಿ ಸರ್ಕಾರದ ಕಣ್ಣಿಗೆ ಬಹು ಮುಖ್ಯನಾದ ಮನುಷ್ಯ. ಅವನನ್ನು ಅಧಿಕಾರ ಹತ್ತಿರ ಕರೆಯುತ್ತಿತ್ತು. ಕೆಲವರನ್ನು ಪಕ್ಕದಲ್ಲೇ ಕೂರಿಸಿಕೊಳ್ಳುತ್ತಿತ್ತು.

ಹಾಗೆ ಪಕ್ಕದಲ್ಲಿ ಕುಳಿತವರಲ್ಲಿ ಒಬ್ಬನೆಂದರೆ ರುಮೇನಿಯಾ ದೇಶದ ಟೀಟುಸ್ ಪೊಪೊವಿಚ್. ಕಾದಂಬರಿಕಾರ, ಸುಮಾರು ಮೂರೂವರೆ ದಶಕಗಳ ಕಾಲ ಆ ದೇಶದ ಚಲಚ್ಚಿತ್ರಗಳಿಗೆ ಕಥೆ ಹೆಣೆದವನು, ಆಳುವ ಕಮ್ಯೂನಿಸ್ಟ್ ಪಕ್ಷದ ಕೇಂದ್ರ ಸಮಿತಿಯ ಸದಸ್ಯ, ರಾಷ್ಟ್ರದ ಶಾಸನಸಭೆಯ ಸದಸ್ಯ. ಆತ ಬರೆದ ಚಿತ್ರಗಳಲ್ಲಿ ಕೆಲವನ್ನು ನಾನು ನೋಡಿದ್ದೇನೆ. ಭಾಷೆ ಬಾರದ್ದರಿಂದ ಅಡಿಬರಹಗಳ ಊರೆಗೋಲು ಹಿಡಿದೇ ನೋಡಿದ್ದೇನೆ. ನೋಡಿದಾಗಲೆಲ್ಲ ಒಂದು ಪ್ರಶ್ನೆ ನನ್ನನ್ನು ಬಿಡದೆ ಕಾಡಿದೆ. ಅಧಿಕಾರದ ಪಂಕ್ತಿಯಲ್ಲಿ ಊಟಕ್ಕೆ ಕುಳಿತವನು ಸತ್ಯವನ್ನು ಹೇಳಬಲ್ಲನೆ? ಹೇಳಿದರೆ ಎಷ್ಟು, ಯಾವ ಬಾಯಿಂದ? ಪ್ರಶ್ನೆ ರುಮೇನಿಯಾದ್ದೊಂದೇ ಅಲ್ಲ. ಲೇಖನಿ ಹಿಡಿದವರೂ ಸಿಂಹಾಸನ ಏರಿದವರೂ ಇರುವ ಊರುಗಳೆಲ್ಲದರದೂ ಹೌದು.

ಪೊಪೊವಿಚ್ ಹುಟ್ಟಿದ್ದು ೧೯೩೦ರ ಮೇ ೧೬ರಂದು, ಓರಾದೇಯಾ ಎಂಬ ಪಟ್ಟಣದಲ್ಲಿ. ಭೂಪಟ ತೆಗೆದು ನೋಡಿದರೆ ಈ ಊರು ರುಮೇನಿಯಾದ ಪಶ್ಚಿಮದ ಅಂಚಿನಲ್ಲಿ, ಹಂಗೆರಿಯ ಗಡಿಗೆ ಮೈ ತಾಗಿಸಿಕೊಂಡು ಕುಳಿತಿದೆ. ಗಡಿಯ ಊರುಗಳಿಗೆ ಒಂದು ಶಾಪವುಂಟು: ಊರು ಇದ್ದಲ್ಲೇ ಇರುತ್ತದೆ, ದೇಶ ಮಾತ್ರ ಬದಲಾಗುತ್ತದೆ. ಮೊದಲ ಮಹಾಯುದ್ಧದವರೆಗೆ ಓರಾದೇಯಾ ಆಸ್ಟ್ರಿಯಾ–ಹಂಗೆರಿ ಸಾಮ್ರಾಜ್ಯದ್ದು. ೧೯೨೦ರ ಒಪ್ಪಂದದಿಂದ ಅದು ವಿಧಿಪೂರ್ವಕವಾಗಿ ರುಮೇನಿಯಾದ್ದಾಯಿತು. ೧೯೪೦ರ ಆಗಸ್ಟ್ ೩೦ರಂದು ಹಿಟ್ಲರನ ಜರ್ಮನಿಯೂ ಮುಸೊಲಿನಿಯ ಇಟಲಿಯೂ ವಿಯೆನ್ನಾದಲ್ಲಿ ಕುಳಿತು ಉತ್ತರ ಟ್ರಾನ್ಸಿಲ್ವೇನಿಯಾವನ್ನು ಕೊಯ್ದು ಹಂಗೆರಿಗೆ ಬಡಿಸಿದಾಗ ಓರಾದೇಯಾ ಮತ್ತೆ ಆ ಕಡೆಗೆ ಹೋಯಿತು. ೧೯೪೪ರ ಶರತ್ಕಾಲದಲ್ಲಿ ಮತ್ತೆ ಈ ಕಡೆಗೆ ಬಂತು. ಹತ್ತು ವರ್ಷದ ಹುಡುಗನಿಗೆ ಒಂದು ಧ್ವಜ, ಹದಿನಾಲ್ಕರ ಹುಡುಗನಿಗೆ ಇನ್ನೊಂದು. ದೂರದ ಕೋಣೆಯೊಂದರಲ್ಲಿ ನಾಲ್ಕು ಜನ ಕುಳಿತು ಮಾಡಿದ ತೀರ್ಮಾನ ಮತ್ತೊಬ್ಬರ ಬಾಳನ್ನು ಹೇಗೆ ಬುಡಮೇಲು ಮಾಡುತ್ತದೆಂಬುದನ್ನು ಈತ ಪುಸ್ತಕದಿಂದ ಕಲಿಯಬೇಕಾಗಿರಲಿಲ್ಲ. ಆ ಕೋಣೆ ಮುಂದೆ ಅವನ ಕಥೆಗಳಲ್ಲಿ ಬೇರೆ ಬೇರೆ ವೇಷದಲ್ಲಿ ಬರುತ್ತಲೇ ಇರುತ್ತದೆ. ವಾಚಕರು ಇದನ್ನು ಗಮನದಲ್ಲಿಟ್ಟುಕೊಂಡಿರಬೇಕು.

ಬುಖಾರೆಸ್ಟ್ ವಿಶ್ವವಿದ್ಯಾನಿಲಯದಲ್ಲಿ ಭಾಷೆ ಸಾಹಿತ್ಯಗಳನ್ನು ಓದಿ ಪದವಿ ಪಡೆದು ಹೊರಬಂದಾಗ ಆತನಿಗೆ ಇಪ್ಪತ್ತಮೂರು ವರ್ಷ. ಇನ್ನೆರಡು ವರ್ಷಗಳಲ್ಲಿ, ೧೯೫೫ರಲ್ಲಿ, ಮೊದಲ ಕಾದಂಬರಿ 'ಸ್ಟ್ರೈನುಲ್' ಹೊರಬಿತ್ತು. 'ಪರಕೀಯ' ಎಂದು ಆ ಹೆಸರಿನ ಅರ್ಥ. ಯುದ್ಧಕಾಲದಲ್ಲಿ ತನ್ನ ಸುತ್ತಲಿನ ಸುಳ್ಳುಗಳೊಡನೆ ಹೊಂದಿಕೊಳ್ಳಲಾರದ ಪ್ರೌಢಶಾಲೆಯ ಹುಡುಗ ಆಂದ್ರೆಯ್ ಸಾಬಿನ್ ಅದರ ನಾಯಕ. ೧೯೫೮ರಲ್ಲಿ 'ಸೇತೆಯಾ', ಎಂದರೆ 'ದಾಹ', ಬಂತು. ಇದು ನೀರಿನ ದಾಹದ ಕಥೆಯಲ್ಲ, ನೆಲದ ದಾಹದ್ದು. ೧೯೪೫ರ ಮಾರ್ಚಿಯಲ್ಲಿ ಹೊಸ ಸರ್ಕಾರ ೫೦ ಹೆಕ್ಟೇರಿಗೆ ಮೀರಿದ ಜಮೀನುಗಳನ್ನು ದೊಡ್ಡ ಒಡೆಯರಿಂದ ಕಿತ್ತು ರೈತರಿಗೆ ಹಂಚಿದ ಕಾಲದ ಟ್ರಾನ್ಸಿಲ್ವೇನಿಯಾದ ಒಂದು ಹಳ್ಳಿ ಅದರ ರಂಗಸ್ಥಳ.

ಇಲ್ಲೊಂದು ವಿಪರ್ಯಾಸವನ್ನು ಹೇಳದೆ ಮುಂದೆ ಹೋಗುವಂತಿಲ್ಲ. ಅದೇ ಸರ್ಕಾರ ೧೯೪೯ರಿಂದ, ಹಂಚಿದ್ದ ಆ ತುಂಡು ಹೊಲಗಳನ್ನೆಲ್ಲ ಸಾಮೂಹಿಕ ಬೇಸಾಯದ ಹೆಸರಿನಲ್ಲಿ ಹಿಂದಕ್ಕೆ ತೆಗೆದುಕೊಳ್ಳತೊಡಗಿತ್ತು. ಒಲ್ಲೆನೆಂದವರು ಸೆರೆಮನೆ ಕಂಡರು. 'ದಾಹ' ಕಾದಂಬರಿ ೧೯೬೧ರಲ್ಲಿ ಮಿರ್ಚಾ ದ್ರಗಾನನ ನಿರ್ದೇಶನದಲ್ಲಿ ಚಿತ್ರವಾಗಿ ತೆರೆಗೆ ಬಂತು. ಮರುವರ್ಷ, ೧೯೬೨ರ ಏಪ್ರಿಲ್‌ನಲ್ಲಿ, ಸಾಮೂಹೀಕರಣ ಸಂಪೂರ್ಣವಾಯಿತೆಂದು ಸರ್ಕಾರ ಸಾರಿತು. ರೈತ ನೆಲವನ್ನು ಪಡೆದ ಸಂಭ್ರಮವನ್ನು ತೆರೆಯ ಮೇಲೆ ನೋಡಿ ಬಂದ ರೈತನಿಗೆ ಹೊರಗೆ ಆ ನೆಲ ಇರಲಿಲ್ಲ. ಪೊಪೊವಿಚ್ ಬರೆದದ್ದು ಸುಳ್ಳೆನ್ನುವಂತಿಲ್ಲ. ನೆಲ ಸಿಕ್ಕಿದ್ದು ನಿಜವೇ. ಆದರೆ ಕಥೆಯನ್ನು ಎಲ್ಲಿ ನಿಲ್ಲಿಸಬೇಕೆಂಬುದನ್ನು ಬೇರೆ ಯಾರೋ ಗೊತ್ತುಮಾಡಿದ್ದರು. ಸುಳ್ಳು ಹೇಳದೆಯೂ ಸತ್ಯವನ್ನು ಮರೆಸುವ ಬಗೆ ಇದು.

ಆ ದೇಶದ ಸಿನಿಮಾದ ವಿಷಯ ಎರಡು ಮಾತು. ರುಮೇನಿಯಾದವರು ೧೯೧೨ರಷ್ಟು ಹಿಂದೆಯೇ ತಮ್ಮ ಸ್ವಾತಂತ್ರ್ಯಯುದ್ಧದ ಮೇಲೆ ದೊಡ್ಡದೊಂದು ಮೂಕಚಿತ್ರ ತೆಗೆದಿದ್ದರು. ಆದರೂ ಚಿತ್ರೋದ್ಯಮವೆಂಬುದು ಅಲ್ಲಿ ಗಟ್ಟಿಯಾಗಿ ಬೇರೂರಿರಲಿಲ್ಲ. ೧೯೪೮ರ ನವೆಂಬರಿನಲ್ಲಿ ಸಿನಿಮಾ ರಾಷ್ಟ್ರೀಕೃತವಾಯಿತು. ೧೯೫೦ರ ದಶಕದಲ್ಲಿ ರಾಜಧಾನಿಯ ಹೊರವಲಯದ ಬುಫ್ತೆಯಾ ಎಂಬಲ್ಲಿ ವಿಶಾಲವಾದ ಸ್ಟುಡಿಯೋ ಎದ್ದಿತು. ಕಟ್ಟಡ ಬಂತು, ಯಂತ್ರಗಳು ಬಂದವು. ಇನ್ನು ಬೇಕಾದದ್ದು ಕಥೆ. ಕಥೆ ಬಲ್ಲವರನ್ನು ಸಾಹಿತ್ಯದಿಂದಲೇ ಕರೆತರಬೇಕಾಯಿತು. ಹಾಗೆ ಬಂದವರ ಪೈಕಿ ಪೊಪೊವಿಚ್‌ನದು ಮುಂದಿನ ಸಾಲು.

ಅವನ ಕೈ ಮೊದಲು ಕಾಣುವುದು ವಿಕ್ಟರ್ ಇಲಿಯು ನಿರ್ದೇಶಿಸಿದ 'ಲಾ ಮೊಆರಾ ಕು ನೊರೋಕ್' ಎಂಬ ಚಿತ್ರದಲ್ಲಿ. ಅದೃಷ್ಟದ ಗಿರಣಿಯ ಬಳಿ ಎಂದು ಆ ಹೆಸರಿನ ಅರ್ಥ. ಮೂಲಕಥೆ ಯೊವಾನ್ ಸ್ಲಾವಿಚ್ ಎಂಬ ಹಿರಿಯ ಲೇಖಕನದು, ೧೮೮೧ರದು; ಚಿತ್ರಕಥೆಯಲ್ಲಿ ಪೊಪೊವಿಚ್ ಜೊತೆಗೆ ಅಲೆಕ್ಸಾಂದ್ರು ಸ್ಟ್ರುತ್ಸೆಯಾನುವಿನ ಪಾಲೂ ಇದೆ. ಗಿತ್ಸಾ ಎಂಬ ಬಡ ಚಮ್ಮಾರ, ಇದ್ದುದರಲ್ಲಿ ತೃಪ್ತಿಪಡಲಾರದೆ, ಬಯಲ ನಡುವಿನ ಒಂಟಿ ಹೋಟೆಲನ್ನು ಗುತ್ತಿಗೆ ಹಿಡಿಯುತ್ತಾನೆ. ಹಂದಿಮಂದೆಗಳ ಮೇಲ್ವಿಚಾರಕನೂ ದರೋಡೆಕೋರನೂ ಆದ ಲಿಕಾ ಆ ಬಯಲಿಗೆ ಒಡೆಯನಿದ್ದಂತೆ. ಅವನೊಡನೆ ಕೈ ಕೂಡಿಸದೆ ಅಲ್ಲಿ ವ್ಯಾಪಾರ ನಡೆಯದು. ಗಿತ್ಸಾ ಒಂದು ಸಣ್ಣ ತಪ್ಪಿಗೆ ಕಣ್ಣು ಮುಚ್ಚುತ್ತಾನೆ. ಅದನ್ನು ಮುಚ್ಚಲು ಇನ್ನೊಂದು. ಕೊನೆಗೆ ಹೆಂಡತಿಯೂ ಮನೆಯೂ ಅವನೂ ಬೂದಿಯಾಗುತ್ತಾರೆ. ಈ ಚಿತ್ರ ೧೯೫೭ರ ಕಾನ್ ಉತ್ಸವದ ಸ್ಪರ್ಧೆಗೆ ಹೋಯಿತು. ಅದೇ ಉತ್ಸವದಲ್ಲಿ ರುಮೇನಿಯಾದ ಇನ್ನೊಬ್ಬ, ಯೋನ್ ಪೊಪೆಸ್ಕು-ಗೋಪೊ, ತನ್ನ ಪುಟ್ಟ ವ್ಯಂಗ್ಯಚಿತ್ರಕ್ಕೆ ಕಿರುಚಿತ್ರಗಳ ಅತ್ಯುನ್ನತ ಪ್ರಶಸ್ತಿಯನ್ನೇ ಗೆದ್ದುಕೊಂಡ. ಹೊಸ ಸ್ಟುಡಿಯೋದ ಸಣ್ಣ ದೇಶವೊಂದಕ್ಕೆ ಇದು ಸಾಮಾನ್ಯ ಗೌರವವಲ್ಲ.

ಮುಂದೆ 'ಡ್ಯಾನ್ಯೂಬಿನ ಅಲೆಗಳು' ಬಂತು. ಫ್ರಾನ್ಸಿಸ್ಕ್ ಮುಂತೆಯಾನು ಎಂಬಾತನೊಡನೆ ಕೂಡಿ ಬರೆದದ್ದು. ನಿರ್ದೇಶಕ ಲಿವಿಯು ಚ್ಯುಲೇ. ೧೯೪೪ರ ಬೇಸಗೆ, ಸಿಡಿಗುಂಡುಗಳನ್ನು ಹುದುಗಿಸಿದ ಡ್ಯಾನ್ಯೂಬ್ ನದಿಯಲ್ಲಿ ಒಂದು ಸರಕಿನ ದೋಣಿ, ದೋಣಿಯಲ್ಲಿ ಅದರ ಒಡೆಯ, ಅವನ ಹರೆಯದ ಹೆಂಡತಿ, ಮತ್ತು ಬಂದಿಯ ವೇಷದಲ್ಲಿ ಬಂದ ಒಬ್ಬ ಕ್ರಾಂತಿಕಾರ. ಪಕ್ಷಕ್ಕೆ ಬೇಕಾದ ಕಥೆಯೇ ಹೌದು. ಆದರೆ ಮೂವರೇ ಮನುಷ್ಯರು, ನಡುವೆ ಅನುಮಾನ, ಕೆಳಗೆ ಸಾವು ಹುದುಗಿದ ನೀರು ಎಂಬ ಏರ್ಪಾಡು ಎಷ್ಟು ಬಿಗಿಯಾಗಿದೆಯೆಂದರೆ ಘೋಷಣೆ ಕೂಗುವುದಕ್ಕೆ ಅಲ್ಲಿ ಎಡೆಯೇ ಉಳಿದಿಲ್ಲ.

ಇದೇ ಚ್ಯುಲೇಗೆ ಪೊಪೊವಿಚ್ ಬರೆದುಕೊಟ್ಟ ಇನ್ನೊಂದು ಚಿತ್ರಕಥೆ ಅವನ ಬಾಳಿನ ಕಿರೀಟವೆಂದು ನನ್ನ ನಂಬಿಕೆ. ಅದು 'ಗಲ್ಲಿಗೇರಿದವರ ಕಾಡು'. ಲಿವಿಯು ರೆಬ್ರಿಯಾನು ೧೯೨೨ರಲ್ಲಿ ಪ್ರಕಟಿಸಿದ ಕಾದಂಬರಿ ಅದರ ಮೂಲ. ಆ ಕಾದಂಬರಿಯ ಹಿಂದೆ ಮನೆಯದೇ ದುಃಖವಿತ್ತು: ರೆಬ್ರಿಯಾನುವಿನ ತಮ್ಮ ಎಮಿಲ್ ಆಸ್ಟ್ರಿಯಾ–ಹಂಗೆರಿಯ ಸೈನ್ಯದಲ್ಲಿ ಅಧಿಕಾರಿಯಾಗಿದ್ದು, ೧೯೧೭ರಲ್ಲಿ ರುಮೇನಿಯಾದ ಕಡೆಗೆ ದಾಟಲು ಯತ್ನಿಸಿ ಸಿಕ್ಕಿಬಿದ್ದು, ನೇಣಿಗೇರಿದವನು. ಟ್ರಾನ್ಸಿಲ್ವೇನಿಯಾದ ರುಮೇನಿಯನ್ನರು ಆಗ ಚಕ್ರವರ್ತಿಯ ಪ್ರಜೆಗಳು. ಚಕ್ರವರ್ತಿಯ ಸಮವಸ್ತ್ರ ತೊಟ್ಟು ತಮ್ಮದೇ ಭಾಷೆಯವರ ಮೇಲೆ ಗುಂಡು ಹಾರಿಸಬೇಕಾದ ಹಣೆಬರಹ ಅವರದು.

ಕಥಾನಾಯಕ ಅಪೊಸ್ಟೊಲ್ ಬೊಲೊಗಾ. ಆರಂಭದಲ್ಲಿ ಸ್ವೊಬೊದಾ ಎಂಬ ಜೆಕ್ ಅಧಿಕಾರಿಯನ್ನು ನೇಣಿಗೇರಿಸುತ್ತಾರೆ. ಅವನಿಗೆ ಮರಣದಂಡನೆ ವಿಧಿಸಿದ ಸೈನಿಕ ನ್ಯಾಯಾಲಯದಲ್ಲಿ ಬೊಲೊಗಾನೂ ಒಬ್ಬ ಸದಸ್ಯ. ನ್ಯಾಯವಾದದ್ದನ್ನೇ ಮಾಡಿದೆನೆಂದು ಅವನ ಪೂರ್ಣ ವಿಶ್ವಾಸ. ಆದರೆ ಕೊರಳಿಗೆ ಹಗ್ಗ ಬಿದ್ದವನ ಕಣ್ಣು ಅವನನ್ನು ಹಿಂಬಾಲಿಸುತ್ತದೆ. ಒಂದೊಂದೇ ದಿನ, ಒಂದೊಂದೇ ಹೆಜ್ಜೆ, ಆ ವಿಶ್ವಾಸದ ಗೋಡೆ ಕುಸಿಯುತ್ತ ಬರುತ್ತದೆ. ತನ್ನವರೇ ಆದ ರುಮೇನಿಯನ್ ರೈತರನ್ನು ವಿಚಾರಿಸುವ ನ್ಯಾಯಾಲಯದಲ್ಲಿ ಮತ್ತೆ ಕುಳಿತುಕೊಳ್ಳಬೇಕೆಂದು ಆಜ್ಞೆ ಬಂದಾಗ ಅವನು ಎದ್ದು ಹೊರಟುಬಿಡುತ್ತಾನೆ; ಸಿಕ್ಕಿಬೀಳುತ್ತಾನೆ; ತಾನು ತೀರ್ಪು ಕೊಟ್ಟ ಜಾಗಕ್ಕೆ ತಾನೇ ಅಪರಾಧಿಯಾಗಿ ಬರುತ್ತಾನೆ. ಸಾಯುವ ಮುನ್ನ ಅವನು ಪ್ರೀತಿಸಿದ ಹಳ್ಳಿಯ ಹುಡುಗಿ ಇಲೋನಾ ಸೆರೆಗೆ ಊಟ ತಂದು ಬಡಿಸುತ್ತಾಳೆ. ಮಾತು ಹೆಚ್ಚಿಲ್ಲ. ಉಣ್ಣುವವನು, ಬಡಿಸುವವಳು, ಅಷ್ಟೆ. ಸಾವಿನ ಬಗ್ಗೆ ಎಷ್ಟೋ ಭಾಷಣಗಳನ್ನು ಸಿನಿಮಾಗಳಲ್ಲಿ ಕೇಳಿದ್ದೇನೆ. ಈ ಮೌನದ ಊಟ ನನ್ನ ಮನಸ್ಸಿನಲ್ಲಿ ಅವೆಲ್ಲವನ್ನೂ ಹಿಂದಿಕ್ಕಿದೆ. ೧೯೬೫ರ ಕಾನ್ ಉತ್ಸವದಲ್ಲಿ ಚ್ಯುಲೇಗೆ ಶ್ರೇಷ್ಠ ನಿರ್ದೇಶಕನೆಂಬ ಪ್ರಶಸ್ತಿ ಬಂತು. ಚಪ್ಪರದ ಕಂಬ ನೆಟ್ಟವನ ಹೆಸರು, ವಾಡಿಕೆಯಂತೆ, ಯಾರ ಬಾಯಲ್ಲೂ ಹೆಚ್ಚು ಬರಲಿಲ್ಲ.

ಇಲ್ಲಿಂದ ಪೊಪೊವಿಚ್‌ನ ದಾರಿ ತಿರುಗಿತು. ತಿರುಗಿಸಿದ್ದು ದೇಶದ ರಾಜಕೀಯ. ೧೯೬೫ರ ಮಾರ್ಚಿಯಲ್ಲಿ ಹಳೆಯ ನಾಯಕ ಗೆಯೋರ್ಗಿಯು-ದೇಜ್ ತೀರಿಕೊಂಡು ನಿಕೊಲಾಯೆ ಚೌಷೆಸ್ಕು ಪಕ್ಷದ ಚುಕ್ಕಾಣಿ ಹಿಡಿದ. ಹೊಸಬನಿಗೆ ಮಾಸ್ಕೋದ ನೆರಳಿನಿಂದ ಹೊರಗೆ ನಿಲ್ಲುವ ಹಂಬಲ. ಅದಕ್ಕೆ ಆಸರೆಯಾಗಿ ಅವನು ಆರಿಸಿಕೊಂಡದ್ದು ರಾಷ್ಟ್ರದ ಹಳೆಯ ವೈಭವವನ್ನು. ೧೯೬೮ರ ಆಗಸ್ಟ್ ೨೧ರಂದು, ಸೋವಿಯತ್ ಟ್ಯಾಂಕುಗಳು ಜೆಕೊಸ್ಲೊವಾಕಿಯಾಕ್ಕೆ ನುಗ್ಗಿದಾಗ, ಬುಖಾರೆಸ್ಟಿನ ಉಪ್ಪರಿಗೆಯೊಂದರಿಂದ ಅವನು ಅದನ್ನು ಬಹಿರಂಗವಾಗಿ ಖಂಡಿಸಿದ. ಅಂದು ಅವನಿಗೆ ಚಪ್ಪಾಳೆ ತಟ್ಟಿದವರಲ್ಲಿ ಹೆದರಿ ತಟ್ಟಿದವರಿಗಿಂತ ಮನಸಾರೆ ತಟ್ಟಿದವರೇ ಹೆಚ್ಚು. ಲೇಖಕರೂ ಅದಕ್ಕೆ ಹೊರತಾಗಿರಲಿಲ್ಲ.

ಈ ಹೊಸ ಗಾಳಿಗೆ ಪಟ ಕಟ್ಟಿದವನು ಪೊಪೊವಿಚ್. ೧೯೬೭ರಲ್ಲಿ ಸೆರ್ಜಿಯು ನಿಕೊಲಾಯೆಸ್ಕು ಫ್ರಾನ್ಸಿನವರ ಸಹಯೋಗದಿಂದ ತೆಗೆದ 'ದಾಚಿ'. ರೋಮನ್ನರಿಗೆ ಎದುರು ನಿಂತ ಡೇಸಿಯನ್ನರ, ಅವರ ದೊರೆ ದೆಚೆಬಾಲನ ಕಥೆ. ೧೯೬೮ರಲ್ಲಿ ದ್ರಗಾನನ 'ಕೊಲುಮ್ನಾ'. ಚಕ್ರವರ್ತಿ ಟ್ರೇಜನ್ ೧೦೬ರಲ್ಲಿ ಡೇಸಿಯಾವನ್ನು ಗೆದ್ದ ಮೇಲೆ ಗೆದ್ದವರೂ ಸೋತವರೂ ಬೆರೆತು ಒಂದು ಹೊಸ ಜನಾಂಗ ಮೂಡಿದ ಕಥೆ. ೧೯೭೧ರಲ್ಲಿ ತೆರೆಕಂಡ 'ಮಿಹಾಯ್ ವಿತ್ಯಾಜುಲ್'. ೧೫೯೩ರಲ್ಲಿ ವಲ್ಲಾಕಿಯಾದ ಪಟ್ಟವೇರಿ, ೧೫೯೫ರಲ್ಲಿ ತುರ್ಕರನ್ನು ಎದುರಿಸಿ, ೧೬೦೦ರಲ್ಲಿ ಮೂರು ಸಂಸ್ಥಾನಗಳನ್ನು ಅಲ್ಪಕಾಲ ಒಂದುಗೂಡಿಸಿ, ೧೬೦೧ರಲ್ಲಿ ತನ್ನ ಮಿತ್ರಪಕ್ಷದ ಸೇನಾಪತಿಯ ಕಡೆಯವರಿಂದಲೇ ಕೊಲೆಯಾದ ವೀರ ಮಿಹಾಯನ ಕಥೆ. ಸೈನಿಕರೇ ಸಾವಿರಗಟ್ಟಲೆಯಾಗಿ ಬಂದು ಯುದ್ಧದ ದೃಶ್ಯಗಳಲ್ಲಿ ವೇಷ ಹಾಕಿದರು. ಸುಮಾರು ಎರಡು ಕೋಟಿ ಜನರ ಆ ದೇಶದಲ್ಲಿ 'ದಾಚಿ'ಗೂ 'ಮಿಹಾಯ್'ಗೂ ಮಾರಾಟವಾದ ಟಿಕೆಟ್ಟುಗಳು ತಲಾ ಒಂದು ಕೋಟಿಗೂ ಮೇಲೆ. ಅಮ್ಜಾ ಪೆಲಿಯಾ ಎಂಬ ನಟ ದೆಚೆಬಾಲನಾಗಿಯೂ ಮಿಹಾಯನಾಗಿಯೂ ಎಷ್ಟು ನೆಲೆಗೊಂಡನೆಂದರೆ, ಶಾಲೆಯ ಮಕ್ಕಳಿಗೆ ಚರಿತ್ರೆಯ ದೊರೆಗಳಿಗೆಲ್ಲ ಅವನದೇ ಮುಖ.

ಇಂಥ ಕಡೆ ಕನ್ನಡಿಗನಿಗೆ ಪಂಪನ ನೆನಪು ಬರುವುದು ಸಹಜ. ಹತ್ತನೆಯ ಶತಮಾನದಲ್ಲಿ ಆತ ತನ್ನ ಒಡೆಯ ಅರಿಕೇಸರಿಯನ್ನು ಅರ್ಜುನನೊಡನೆ ಒಂದು ಮಾಡಿ ಕಾವ್ಯ ಕಟ್ಟಿದ. ಕಾವ್ಯ ಅದರಿಂದ ಕೆಡಲಿಲ್ಲ. ಅರಿಕೇಸರಿ ಉಳಿದದ್ದೇ ಕಾವ್ಯದಿಂದ. ಆದರೆ ಪಂಪನಿಗೆ ತನ್ನ ಒಡೆಯ ಯಾರೆಂದು ಹೇಳುವ ಸ್ವಾತಂತ್ರ್ಯವಿತ್ತು, ಹಾಡಿದ್ದನ್ನು ಹಾಡಿದ್ದೆನೆಂದ. ಪೊಪೊವಿಚ್‌ನ ಮಿಹಾಯ್ ಮೇಲ್ನೋಟಕ್ಕೆ ಹದಿನಾರನೆಯ ಶತಮಾನದವನು. ನಾಡನ್ನು ಒಂದಾಗಿಸುವ, ದೊಡ್ಡ ಸಾಮ್ರಾಜ್ಯಗಳಿಗೆ ತಲೆಬಾಗದ, ಒಂಟಿಯಾದ ನಾಯಕ. ಆ ಕನ್ನಡಿಯಲ್ಲಿ ಯಾರ ಮುಖ ಕಾಣಬೇಕೆಂಬುದು ಪ್ರೇಕ್ಷಕನಿಗೆ ಬಾಯಿಬಿಟ್ಟು ಹೇಳದೆಯೇ ಗೊತ್ತಾಗುತ್ತಿತ್ತು.

ಇಷ್ಟೇ ಆಗಿದ್ದರೆ ಇವನನ್ನು ಆಸ್ಥಾನದ ವಂದಿಮಾಗಧರ ಪಟ್ಟಿಗೆ ಸೇರಿಸಿ ಸುಮ್ಮನಿರಬಹುದಾಗಿತ್ತು. ಹಾಗೆ ಮಾಡಬಿಡದ ಎರಡು ಚಿತ್ರಗಳು ೧೯೭೨ರಲ್ಲಿ ಬಂದವು. ಒಂದು, ಮಾನೊಲೆ ಮಾರ್ಕುಸ್ ನಿರ್ದೇಶಿಸಿದ 'ಅಧಿಕಾರ ಮತ್ತು ಸತ್ಯ'. ಸ್ಟೊಯಾನ್ ಎಂಬ ಪಕ್ಷದ ಹಿರಿಯ ಕಾರ್ಯದರ್ಶಿ. ನಾಡು ಕಟ್ಟುವ ಛಲದವನು, ತನ್ನ ಮಾತಿಗೆ ಎದುರು ಮಾತು ಸಹಿಸದವನು. ಅವನ ಹಳೆಯ ಸಂಗಾತಿ ಪೆಟ್ರೆಸ್ಕು ಅವನನ್ನು ವಿರೋಧಿಸಿ, ಹುಸಿ ಆಪಾದನೆಗೆ ಗುರಿಯಾಗಿ, ಸೆರೆಮನೆ ಸೇರುತ್ತಾನೆ. ಇಂಥ ಸಂಗತಿಗಳು ನಡೆದಿದ್ದವು. ಲುಕ್ರೆಟ್ಸಿಯು ಪತ್ರಷ್ಕಾನು ಎಂಬ ಪಕ್ಷದ ಧುರೀಣನನ್ನೇ ೧೯೫೪ರಲ್ಲಿ ಅವನ ಪಕ್ಷದವರು ಗುಂಡಿಕ್ಕಿ ಕೊಂದಿದ್ದರು. ೧೯೬೮ರಲ್ಲಿ, ಆತ ನಿರಪರಾಧಿಯೆಂದು ಅದೇ ಪಕ್ಷ ಸಾರಿತು. ಇದನ್ನು ತೆರೆಯ ಮೇಲೆ ಕಂಡು ರುಮೇನಿಯಾದ ಜನ ಉಸಿರು ಬಿಗಿಹಿಡಿದಿರಬೇಕು.

ಸತ್ಯ ಹೊರಬಂತೆ? ಬಂತು, ಆದರೆ ಅಳೆದು ಸುರಿದಷ್ಟು. ತಪ್ಪು ಮಾಡಿದವನು ಹೋದ ಕಾಲದ ಸ್ಟೊಯಾನ್. ಅವನ ಜಾಗಕ್ಕೆ ಬರುವ ದುಮಾ ಎಂಬ ಹೊಸ ತಲೆಮಾರಿನವನು ತಿಳಿವಳಿಕೆಯವನು, ನ್ಯಾಯವಂತ. ಸತ್ತ ಒಡೆಯನ ತಪ್ಪನ್ನು ಇದ್ದ ಒಡೆಯನ ಅನುಮತಿಯಿಂದ ಹೇಳುವುದು ಕೆಚ್ಚೋ, ಸೇವೆಯೋ? ಎರಡೂ ಹೌದೆಂಬುದೇ ಇದರ ತೊಡಕು. ಚಿತ್ರ ಬರುವುದಕ್ಕೆ ಮುಂಚಿನ ವರ್ಷ, ೧೯೭೧ರ ಜುಲೈಯಲ್ಲಿ, ಚೀನಾ ಮತ್ತು ಉತ್ತರ ಕೊರಿಯಾಗಳ ಪ್ರವಾಸದಿಂದ ಮರಳಿದ ಚೌಷೆಸ್ಕು ಕಲೆ ಸಾಹಿತ್ಯಗಳೆಲ್ಲ ಪಕ್ಷದ ಪಾಠಶಾಲೆಯಾಗಬೇಕೆಂಬ ಹೊಸ ಸೂತ್ರಗಳನ್ನು ಹೊರಡಿಸಿದ್ದ. ಹಳೆಯ ಸೆರೆಮನೆಯ ಬಾಗಿಲನ್ನು ಜನರಿಗೆ ತೆರೆದು ತೋರಿಸುತ್ತಿದ್ದಾಗಲೇ ಹೊಸ ಬಾಗಿಲು ಮುಚ್ಚಿಕೊಳ್ಳುತ್ತಿತ್ತು.

ಇನ್ನೊಂದು ಚಿತ್ರ, ಪೊಪೊವಿಚ್‌ನದೇ ನೀಳ್ಗತೆ 'ಇಪುವಿನ ಸಾವು' ಎಂಬುದರಿಂದ ಹುಟ್ಟಿದ್ದು. ಚಿತ್ರಕ್ಕೆ ಇಟ್ಟ ಹೆಸರು 'ಆಗ ನಾನು ಅವರೆಲ್ಲರಿಗೂ ಮರಣದಂಡನೆ ವಿಧಿಸಿದೆ'. ನಿಕೊಲಾಯೆಸ್ಕುವೇ ನಿರ್ದೇಶಕ, ಪೆಲಿಯಾನೇ ನಟ. ಆದರೆ ಇಲ್ಲಿ ದೊರೆಯಿಲ್ಲ, ಕುದುರೆಯಿಲ್ಲ. ಮಹಾಯುದ್ಧದ ಕಾಲದ ಟ್ರಾನ್ಸಿಲ್ವೇನಿಯಾದ ಹಳ್ಳಿ. ಒಬ್ಬ ಜರ್ಮನ್ ಸೈನಿಕ ಕೊಲೆಯಾಗಿದ್ದಾನೆ. ಕೊಂದವನನ್ನು ಒಪ್ಪಿಸದಿದ್ದರೆ ಊರಿನ ಮುಖಂಡರನ್ನು ಕೊಲ್ಲುವುದಾಗಿ ಜರ್ಮನರ ಆಜ್ಞೆ. ಪಾದ್ರಿ ಮೊದಲಾದ ಗಣ್ಯರು ಒಂದು ಕೋಣೆಯಲ್ಲಿ ಸೇರುತ್ತಾರೆ. ಅವರಿಗೊಂದು ಉಪಾಯ ಹೊಳೆಯುತ್ತದೆ. ಊರಿನಲ್ಲಿ ಇಪು ಇದ್ದಾನೆ. ಮೊದಲ ಯುದ್ಧದಲ್ಲಿ ಹೋರಾಡಿ ಬಂದವನು, ಈಗ ಎಲ್ಲರ ಕಣ್ಣಿಗೂ ಪೆದ್ದ, ಹಿಂದು ಮುಂದಿಲ್ಲದವನು. ಅವನು ಕೊಲೆಯನ್ನು ತನ್ನ ಮೇಲೆ ಹಾಕಿಕೊಂಡರಾಯಿತು. ಪ್ರತಿಯಾಗಿ ಅವನಿಗೆ ಈ ಊರು ಕಾಣದಂಥ ವೈಭವದ ಶವಸಂಸ್ಕಾರ! ಬದುಕಿದ್ದಾಗ ಒಂದು ಹಿಡಿ ಗೌರವ ಕೊಡದವರು ಸತ್ತ ಮೇಲೆ ಮೆರವಣಿಗೆಯ ಆಸೆ ತೋರಿಸುತ್ತಾರೆ. ಇಪುವಿನ ಏಕೈಕ ಗೆಳೆಯನಾದ ಒಬ್ಬ ಚಿಕ್ಕ ಹುಡುಗ ಇದೆಲ್ಲವನ್ನೂ ನೋಡುತ್ತ ನಿಂತಿರುತ್ತಾನೆ. ಚಿತ್ರದ ಹೆಸರಿನಲ್ಲಿರುವ ತೀರ್ಪು ಆ ಹುಡುಗನದು.

ಇದನ್ನು ಬರೆದವನು ಎಂಥ ಕೋಣೆಗಳಲ್ಲಿ ಕುಳಿತು ಎದ್ದವನೆಂಬುದನ್ನು ನೆನೆದರೆ ಮೈ ಜುಮ್ಮೆನ್ನುತ್ತದೆ. ದೊಡ್ಡವರು ಒಟ್ಟು ಸೇರಿ, ಗಂಭೀರವಾದ ಮುಖ ಹೊತ್ತು, ಸಾರ್ವಜನಿಕ ಹಿತದ ಹೆಸರಿನಲ್ಲಿ, ಅಲ್ಲಿಲ್ಲದ ಒಬ್ಬನನ್ನು ಬಲಿಗೆ ಗೊತ್ತುಮಾಡುವ ಆ ನಯವನ್ನು ಹೊರಗೆ ನಿಂತವನು ಅಷ್ಟು ಚೆನ್ನಾಗಿ ಬರೆಯಲಾರ. ಗಣ್ಯರ ಮಾತುಗಳು ಪೊಪೊವಿಚ್‌ಗೆ ಒಳಗಿನಿಂದ ಗೊತ್ತಿದ್ದವು. ತೀರ್ಪನ್ನು ಮಾತ್ರ ಆತ ಕಿಟಕಿಯಾಚೆಗಿನ ಹುಡುಗನ ಬಾಯಿಗೆ ಇಟ್ಟ.

ಇದೇ ಕಾಲದಲ್ಲಿ ಪಂಕ್ತಿಯಿಂದ ದೂರ ನಿಂತು ಮಾತಾಡಿದವರ ಪಾಡೇನಾಯಿತೆಂಬುದನ್ನೂ ಹೇಳಬೇಕು. ಹೊರಿಯಾ ಪತ್ರಷ್ಕು ಎಂಬ ಯುವಲೇಖಕನ ಕಥೆಯಿಂದ ಲೂಚಿಯಾನ್ ಪಿಂತಿಲಿಯೆ ೧೯೬೮ರಲ್ಲಿ 'ಪುನರಭಿನಯ' ಎಂಬ ಚಿತ್ರ ಮಾಡಿದ. ಕುಡಿದು ಜಗಳವಾಡಿದ ಇಬ್ಬರು ಹುಡುಗರನ್ನು ಹಿಡಿದು, ಉಳಿದವರಿಗೆ ನೀತಿಪಾಠವಾಗಲೆಂದು, ಆ ಜಗಳವನ್ನೇ ಮತ್ತೆ ಆಡಿಸಿ ಚಿತ್ರ ತೆಗೆಯಲು ಅಧಿಕಾರಿಗಳು ಹೊರಡುತ್ತಾರೆ. ಆಟ ಸಾವಿನಲ್ಲಿ ಮುಗಿಯುತ್ತದೆ. ೧೯೭೦ರಲ್ಲಿ ತೆರೆಗೆ ಬಂದ ಈ ಚಿತ್ರವನ್ನು ಬೇಗನೆ ಹಿಂದಕ್ಕೆ ತೆಗೆದರು. ೧೯೮೯ರ ನಂತರವೇ ಅದಕ್ಕೆ ಬಿಡುಗಡೆ. ಪಿಂತಿಲಿಯೆ ವರ್ಷಗಟ್ಟಲೆ ಪರದೇಶಗಳ ರಂಗಭೂಮಿಯಲ್ಲಿ ಕೆಲಸ ಹುಡುಕಬೇಕಾಯಿತು. ಪೂರ್ತಿ ಸತ್ಯದ ಬೆಲೆ ಅದು. ಪೊಪೊವಿಚ್ ಆ ಬೆಲೆ ತೆರಲಿಲ್ಲ. ತನಗೆ ದೊರಕಿದ ಪಾಲಿನ ಸತ್ಯವನ್ನು ಕೋಟಿ ಜನರಿಗೆ ತಲುಪಿಸಿದ. ಒಬ್ಬನ ಸತ್ಯ ಇಪ್ಪತ್ತು ವರ್ಷ ಡಬ್ಬಿಯಲ್ಲಿ ಮಲಗಿತ್ತು. ಇನ್ನೊಬ್ಬನದು ಊರೂರು ತಿರುಗಿತು, ಮೊಹರು ಹೊತ್ತುಕೊಂಡು.

ನಗಿಸುವುದೂ ಅವನಿಗೆ ಬರುತ್ತಿತ್ತು. ೧೯೭೮ರಿಂದ ೧೯೮೧ರ ಒಳಗೆ ದಾನ್ ಪೀತ್ಸಾ ಮತ್ತು ಮಿರ್ಚಾ ವೆರೋಯು ತೆಗೆದ ಮೂರು ಚಿತ್ರಗಳಲ್ಲಿ, ಟ್ರಾನ್ಸಿಲ್ವೇನಿಯಾದ ಹಳ್ಳಿಗಾಡಿನ ಸೋದರರು ಪಿಸ್ತೂಲಿನ ಅಮೆರಿಕಕ್ಕೆ, ಅಲ್ಲಿಗೆ ಹೋದ ಅಣ್ಣತಮ್ಮನನ್ನು ಹುಡುಕಿಕೊಂಡು ಬರುತ್ತಾರೆ. ಪ್ರವಾದಿ, ಚಿನ್ನ, ನಟಿ, ಡಾಲರು, ಹಸುಗೂಸು, ಪೆಟ್ರೋಲಿಯಂ ಎಲ್ಲದರ ನಡುವೆಯೂ ಅವರ ಮನಸ್ಸು ಊರಿನ ಹೊಲದ ಕಡೆಗೇ. ಹಾಲಿವುಡ್ಡಿನ ಕುದುರೆ ಸವಾರರ ಚಿತ್ರಗಳಿಗೆ ಹಳ್ಳಿಯವನ ನೋಟದಿಂದ ಮಾಡಿದ ಈ ಅಣಕ ಅಲ್ಲಿಯ ಜನಕ್ಕೆ ಬಹಳ ಹಿಡಿಸಿತು. ಹೊರದೇಶಕ್ಕೆ ಹೋಗುವುದೇ ದುರ್ಲಭವಾಗಿದ್ದ ಆ ವರ್ಷಗಳಲ್ಲಿ ಅಮೆರಿಕಕ್ಕೆ ಹೋದವರ ಕಥೆ ಹಿಡಿಸಿದ್ದರಲ್ಲಿ ಆಶ್ಚರ್ಯವೂ ಇಲ್ಲ.

೧೯೮೦ರ ದಶಕ ರುಮೇನಿಯಾಕ್ಕೆ ಕಗ್ಗತ್ತಲೆಯ ದಶಕ. ವಿದೇಶಿ ಸಾಲ ತೀರಿಸಲೆಂದು ಅನ್ನ, ದೀಪ, ಒಲೆಯ ಕಾವು ಎಲ್ಲಕ್ಕೂ ಕತ್ತರಿ ಬಿತ್ತು. ಪೊಪೊವಿಚ್ ಚರಿತ್ರೆಯನ್ನೇ ಬರೆಯುತ್ತ ಹೋದ: ೧೭೮೪ರ ರೈತಬಂಡಾಯದ ನಾಯಕ ಹೋರಿಯಾನ ಮೇಲೆ ೧೯೮೪ರಲ್ಲಿ, ವಲ್ಲಾಕಿಯಾದ ಪ್ರಾಚೀನ ದೊರೆ ಮಿರ್ಚಾನ ಮೇಲೆ ೧೯೮೯ರಲ್ಲಿ. ಆ ವರ್ಷದ ಡಿಸೆಂಬರಿನಲ್ಲೇ 'ನಾಡನ್ನು ಒಂದಾಗಿಸಿದ' ನಾಯಕನ ವಿರುದ್ಧ ನಾಡು ಒಂದಾಯಿತು. ಡಿಸೆಂಬರ್ ೨೫ರಂದು ಒಂದು ಕೋಣೆ, ಕೆಲವು ಕುರ್ಚಿ, ಗಂಟೆಯೊಳಗೆ ಮುಗಿದ ವಿಚಾರಣೆ, ಹೊರಗೆ ಬಂದೂಕು. ಚೌಷೆಸ್ಕು ಮತ್ತು ಅವನ ಹೆಂಡತಿಯ ಕಥೆ ಹಾಗೆ ಮುಗಿಯಿತು. ಪೊಪೊವಿಚ್ ಬರೆದಿದ್ದರೆ ಇದಕ್ಕಿಂತ ಬೇರೆಯಾಗಿ ಬರೆಯುತ್ತಿರಲಿಲ್ಲವೇನೋ.

ಇದಾದ ಮೇಲೆ ಅವನಿಗೆ ಐದು ವರ್ಷದ ಆಯುಸ್ಸೂ ಉಳಿದಿರಲಿಲ್ಲ. ೧೯೯೪ರ ನವೆಂಬರ್ ೨೯ರಂದು, ಡ್ಯಾನ್ಯೂಬ್ ನದಿ ಸಮುದ್ರ ಸೇರುವ ಕಡೆಯ ತುಲ್ಚಾ ಪ್ರಾಂತದಲ್ಲಿ, ಮೋಟಾರು ಅಪಘಾತದಿಂದ ಅವನು ತೀರಿಕೊಂಡ. ೧೯೯೮ರಲ್ಲಿ ಅವನ ಬರಹಗಳು ಪುಸ್ತಕಗಳಾಗಿ ಹೊರಬಂದವು. 'ಅವ್ಯವಸ್ಥೆಯ ಶಿಸ್ತು' ಎಂಬ ಅರ್ಥದ ಹೆಸರಿನದು ನೆನಪುಗಳಿಂದ ಹೆಣೆದ ಕಾದಂಬರಿ. ಮತ್ತೊಂದಕ್ಕೆ, ಪಕ್ಷದ ದೊಡ್ಡವರ ಬಂಗಲೆಗಳಿದ್ದ ಬುಖಾರೆಸ್ಟಿನ ಬಡಾವಣೆಯದೇ ಹೆಸರು. ಪಂಕ್ತಿಯಲ್ಲಿ ಯಾರು ಹೇಗೆ ಉಣ್ಣುತ್ತಿದ್ದರೆಂಬುದನ್ನು, ಎಲೆ ಎತ್ತಿದ ಮೇಲೆ, ಅವನು ಹೇಳಿಟ್ಟಿದ್ದ. ಉಂಡ ಮನೆಗೆ ಎರಡು ಬಗೆದನೆಂದು ಪಂಕ್ತಿಯವರು ಬೈದಾರು. ಇಷ್ಟು ತಡವೇಕೆಂದು ಹೊರಗಿನವರು ಕೇಳಿಯಾರು. ಎರಡು ಮಾತಿನಲ್ಲೂ ಅರ್ಥವಿದೆ.

ನನ್ನ ಮಟ್ಟಿಗೆ ಹೇಳುವುದಾದರೆ, ಇಂಥವನನ್ನು ಅಳೆಯಲು ಒಂದೇ ತಕ್ಕಡಿ ಸಾಲದು. ಅವನ ಕುದುರೆಗಳೂ ಖಡ್ಗಗಳೂ ಅವನ ಒಡೆಯನ ಲೆಕ್ಕಕ್ಕೆ ಹೋಗಲಿ. ಆದರೆ ತಾನೇ ತೀರ್ಪುಗಾರನಾಗಿದ್ದ ನ್ಯಾಯಾಲಯದಿಂದ ಎದ್ದುಹೋದ ಬೊಲೊಗಾ, ಮೊದಲ ಸಣ್ಣ ತಪ್ಪಿಗೆ ಕಣ್ಣು ಮುಚ್ಚಿದ ಗಿತ್ಸಾ, ಮೆರವಣಿಗೆಯ ಆಸೆಗೆ ತಲೆದೂಗಿದ ಇಪು, ಇವರು ಯಾವ ಒಡೆಯನ ಲೆಕ್ಕಕ್ಕೂ ಸೇರುವವರಲ್ಲ. ಇವರಲ್ಲಿ ಬೊಲೊಗಾನಂತೆ ಎದ್ದುಹೋಗುವುದು ಪೊಪೊವಿಚ್‌ನಿಂದ ಆಗಲಿಲ್ಲ. ಎದ್ದುಹೋಗುವುದೆಂದರೆ ಏನೆಂಬುದು ಮಾತ್ರ ಅವನಿಗೆ ಚೆನ್ನಾಗಿ ಗೊತ್ತಿತ್ತು. ಕುಳಿತಲ್ಲಿಂದಲೇ ಅದನ್ನು ನಮಗೆ ತೋರಿಸಿ ಹೋದ.